ಸರಿಗಲ್ಲು ಮತ್ತು ಕಪ್ಪು ಕುದುರೆಯ ಸವಾರ

ಈಗಿನ ಊರುಗಳಿಗೆ ಇನ್ನೂ ಹೆಸರೇ ಇಲ್ಲದಿದ್ದ ಕಾಲದಲ್ಲಿ ಹೊಳಲನಾಡು ಎಂಬ ರಾಜ್ಯವಿತ್ತು. ಆ ರಾಜ್ಯಕ್ಕೆ ನನ್ನಿಯರಸ ಎಂಬ ರಾಜ, ಮಾಚಲೆ ಎಂಬ ರಾಣಿ. ಅವರಿಗೆ ಬಮ್ಮರಸ ಎಂಬ ಮಗ, ಜಕ್ಕಲೆ ಎಂಬ ಮಗಳು. ಅರಮನೆಯ ಹಿಂದೆ ಒಂದು ಬೋಳುಗುಡ್ಡ, ಗುಡ್ಡದ ನೆತ್ತಿಯಲ್ಲಿ ಒಂದು ಕಲ್ಲು. ಆ ಕಲ್ಲಿಗೆ ಸರಿಗಲ್ಲು ಎಂದು ಹೆಸರು.

ರಾಜವಂಶದವರು ಆ ಕಲ್ಲಿನ ಮುಂದೆ ನಿಂತು ‘ಇದು ಎಂದರೆ ಅದು’ ಎಂದು ಹೇಳಿದರೆ ಸಾಕು, ಅಂದಿನಿಂದ ಆ ನಾಡಿನಲ್ಲಿ ಅವೆರಡೂ ಒಂದೇ. ಒಂದು ಇರುವ ಕಡೆ ಇನ್ನೊಂದನ್ನು ಇಡಬಹುದು. ಹೇಗೆ ಮಾಡಬೇಕು ಎಂದು ಕಲ್ಲಿಗೆ ಯಾರೂ ಹೇಳುತ್ತಿರಲಿಲ್ಲ. ಏನು ಎಂದು ಹೇಳಿದರೆ ಉಳಿದದ್ದನ್ನು ಅದೇ ನೋಡಿಕೊಳ್ಳುತ್ತಿತ್ತು. ‘ಹೋಳಿಗೆ ಎಂದರೆ ಬೇಳೆ, ಬೆಲ್ಲ, ಕಣಕ’ ಎಂದು ಹಿಂದಿನ ರಾಣಿಯೊಬ್ಬಳು ಹೇಳಿದ್ದಳು. ಆಮೇಲೆ ಹೊಳಲನಾಡಿನಲ್ಲಿ ಯಾರೂ ಹೋಳಿಗೆ ಲಟ್ಟಿಸಲಿಲ್ಲ. ಬೇಳೆ, ಬೆಲ್ಲ, ಕಣಕವನ್ನು ಮಣೆಯ ಮೇಲಿಟ್ಟು ಹೋಳಿಗೆ ಎಂದು ಕರೆದರೆ ಅಲ್ಲಿ ಹೋಳಿಗೆ ಇರುತ್ತಿತ್ತು. ಮಿಕ್ಕ ಹೋಳಿಗೆ ಮತ್ತೆ ಬೇಳೆ ಬೆಲ್ಲವಾಗಿ ಡಬ್ಬಿ ಸೇರುತ್ತಿತ್ತು.

ಬಮ್ಮರಸನಿಗೆ ಮೀಸೆ ಚಿಗುರಿದಾಗ ರಾಜ ಅವನಿಗೊಂದು ಕಪ್ಪು ಕುದುರೆ ಕೊಟ್ಟ. ಅಂಥ ಕುದುರೆ ನಾಡಿನಲ್ಲೇ ಬೇರೆ ಇರಲಿಲ್ಲ. ಮಗ ಎಲ್ಲಿಗೆ ಹೋದರೂ ಕೋಟೆಯ ಬಾಗಿಲು ತಾನಾಗಿ ತೆರೆಯಲಿ ಎಂದು ಪ್ರೀತಿಯಿಂದ ಸರಿಗಲ್ಲಿನ ಮುಂದೆ ನಿಂತು ಹೇಳಿದ: “ಕಪ್ಪು ಕುದುರೆಯ ಸವಾರ ಎಂದರೆ ಬಮ್ಮರಸ.”

ಆಗ ಆ ಮಾತು ನಿಜವೇ ಆಗಿತ್ತು.

ಕಾಡಿನ ಗುಹೆಯಲ್ಲಿ ಕಾಳಿಂಬ ಎಂಬ ಮಾಂತ್ರಿಕನಿದ್ದ. ದನಗಳನ್ನು ಕದಿಯುತ್ತಿದ್ದ, ದಾರಿಹೋಕರನ್ನು ಹದ್ದು ಮಾಡಿ ಹಾರಿಸುತ್ತಿದ್ದ. ಎರಡು ತಲೆಯ ಕತ್ತೆಕಿರುಬವೊಂದು ಅವನ ಗುಹೆ ಕಾಯುತ್ತಿತ್ತು. ಒಂದು ದಿನ ಬಮ್ಮರಸ ಬೇಟೆಗೆ ಹೋದವನು ನೀರು ಕುಡಿಯಲು ಕುದುರೆಯಿಂದ ಇಳಿದ. ಬಗ್ಗಿ ಬೊಗಸೆ ತುಂಬಿಕೊಳ್ಳುವಷ್ಟರಲ್ಲಿ ಕಾಳಿಂಬ ಪೊದೆಯಿಂದ ಬಂದು ಕುದುರೆಯ ಮೇಲೆ ಕುಳಿತ.

ಅಷ್ಟೇ. ಮಂತ್ರವಿಲ್ಲ, ಬೂದಿಯಿಲ್ಲ. ಕಪ್ಪು ಕುದುರೆಯ ಸವಾರ ಈಗ ಕಾಳಿಂಬ. ಕಪ್ಪು ಕುದುರೆಯ ಸವಾರ ಎಂದರೆ ಬಮ್ಮರಸ. ಹಾಗಾದರೆ ಕಾಳಿಂಬ ಎಂದರೆ ಬಮ್ಮರಸ. ಕಲ್ಲು ಒಂದರ ಜಾಗದಲ್ಲಿ ಇನ್ನೊಂದನ್ನು ಇಟ್ಟಿತು. ಕುದುರೆಯ ಮೇಲಿದ್ದವನಿಗೆ ರಾಜಕುಮಾರನ ಮುಖ, ದನಿ, ನೆನಪು ಎಲ್ಲವೂ ಬಂದವು. ನೀರಿನಲ್ಲಿ ತನ್ನ ನೆರಳು ನೋಡಿಕೊಂಡ ಬಮ್ಮರಸನಿಗೆ ಮಾಂತ್ರಿಕನ ಮುಖ ಕಂಡಿತು.

ಅರಮನೆಗೆ ಬಂದವನನ್ನು ಎಲ್ಲರೂ ಆರತಿ ಎತ್ತಿ ಒಳಗೆ ಕರೆದುಕೊಂಡರು. ಬಂದವನು ಮರುದಿನವೇ ಗುಡ್ಡ ಹತ್ತಿ ಕಲ್ಲಿಗೊಂದು ಹೊಸ ಮಾತು ಹೇಳಿದ: “ಯುವರಾಜನ ಮೇಲೆ ಸಂಶಯದ ಮಾತಾಡುವವನು ಎಂದರೆ ಕುರಿ.”

ಮೊದಲು ಕುರಿಯಾದವನು ಅರಮನೆಯ ಅಗಸ. ಯುವರಾಜರು ಯಾಕೋ ಮೊದಲಿನ ಹಾಗಿಲ್ಲ ಎಂದು ಹೆಂಡತಿಗೆ ಹೇಳುತ್ತಿದ್ದವನು ಮಾತು ಮುಗಿಸುವ ಮುಂಚೆ ಬ್ಯಾ ಎಂದ. ಆಮೇಲೆ ಒಬ್ಬ ದಂಡನಾಯಕ, ಇಬ್ಬರು ಹೂವಾಡಗಿತ್ತಿಯರು. ಜನ ಬಾಯಿ ಮುಚ್ಚಿಕೊಂಡರು. ಬಾಯಿ ಮುಚ್ಚಿದ ಮೇಲೆ ಕಣ್ಣುಗಳು ಮಾತಾಡತೊಡಗಿದವು. ಪಕ್ಕದ ಮನೆಯ ಹೊಲದ ಮೇಲೆ ಆಸೆಯಿದ್ದವನು ಜಗಲಿಗೆ ಬಂದು ಕುಳಿತು, ಯುವರಾಜರ ಬಗ್ಗೆ ನಿನಗೇನನ್ನಿಸುತ್ತದೆ ಎಂದು ಮೆಲ್ಲಗೆ ಕೆದಕುತ್ತಿದ್ದ. ಹೊಗಳಿದರೆ ಎದ್ದು ಹೋಗುತ್ತಿದ್ದ. ಒಂದು ಕ್ಷಣ ತಡೆದರೆ ಕಾಯುತ್ತಾ ಕೂರುತ್ತಿದ್ದ. ಬೀದಿಯಲ್ಲಿ ಕುರಿಗಳು ಹೆಚ್ಚಾದವು. ಅಣ್ಣ ತಮ್ಮಂದಿರು ಕೂಡ ಒಂದೇ ಪಂಕ್ತಿಯಲ್ಲಿ ಕುಳಿತು ಮಾತಿಲ್ಲದೆ ಉಣ್ಣುತ್ತಿದ್ದರು.

ಜಕ್ಕಲೆಗೂ ಒಳಗೊಳಗೇ ಅನುಮಾನ ಕೊರೆಯುತ್ತಿತ್ತು. ಅವಳು ಅದನ್ನು ನಾಲಗೆಗೆ ತರಲಿಲ್ಲ. ಬದಲಿಗೆ ಅಣ್ಣನನ್ನು ಆಟಕ್ಕೆಂಬಂತೆ ಮೂರು ಪ್ರಶ್ನೆ ಕೇಳಿದಳು. ಅಪ್ಪಯ್ಯನ ಗಿಳಿಗಳನ್ನು ಪಂಜರದಿಂದ ಬಿಟ್ಟವರಾರು? ನಾನೇ, ಬೈಸಿಕೊಂಡವಳು ನೀನು ಎಂದ. ಜ್ವರ ಬಂದಾಗ ಅವ್ವ ನಿನ್ನನ್ನು ಏನೆಂದು ಕರೆಯುತ್ತಿದ್ದಳು? ಕುಂಬಳಕಾಯಿ ಎಂದು ನಕ್ಕ. ಕಡಲಿನಾಚೆಯ ರಾಜನ ಸಂಬಂಧ ಬಂದಾಗ ನಾನು ನಿನ್ನ ಕಿವಿಯಲ್ಲಿ ಏನು ಹೇಳಿದೆ? ಬಲವಂತ ಮಾಡಿದರೆ ಬಾವಿಗೆ ಹಾರುತ್ತೇನೆ ಎಂದೆ, ಆಮೇಲೆ ಬಾವಿಯಲ್ಲಿ ಕಪ್ಪೆ ಇದೆ ಎಂದು ಮನಸ್ಸು ಬದಲಿಸಿದೆ, ಎಂದ.

ಮೂರೂ ಸರಿ. ಉತ್ತರದಲ್ಲಿ ಎಳ್ಳಷ್ಟೂ ತಪ್ಪಿರಲಿಲ್ಲ. ಜಕ್ಕಲೆಗೆ ಸಮಾಧಾನವಾಗಬೇಕಿತ್ತು, ಆಗಲಿಲ್ಲ. ಅವನು ಉತ್ತರಿಸುವಾಗ ಅವಳ ಬಾಯಿಯನ್ನೇ ನೋಡುತ್ತಿದ್ದ, ಅದು ಯಾವಾಗ ತಪ್ಪೀತು ಎಂದು ಕಾಯುವವನ ಹಾಗೆ. ರಾಜ ಮಗನಿಗೆ ಪಟ್ಟ ಕಟ್ಟಲು ದಿನ ಗೊತ್ತುಮಾಡಿದ್ದ. ಪಟ್ಟಾಭಿಷೇಕದ ದಿನ ಕುರಿಗಳನ್ನೆಲ್ಲ ಮತ್ತೆ ಮನುಷ್ಯರನ್ನಾಗಿ ಮಾಡೋಣವೇ ಎಂದು ಅವಳು ಕೇಳಿದ್ದಕ್ಕೆ, ಚಳಿಗಾಲ ಬರುತ್ತಿದೆ, ಕಂಬಳಿಗೆ ಉಣ್ಣೆ ಬೇಡವೇ ಎಂದ.

ಅದೇ ವಾರ ಉಪ್ಪು ಮಾರುವವನೊಬ್ಬ ಅರಮನೆಗೆ ಬಂದು ಅಚ್ಚರಿಯ ಸುದ್ದಿ ಹೇಳಿದ. ಕಾಡಿನ ಕಾಳಿಂಬ ಬದಲಾಗಿದ್ದಾನಂತೆ. ಗುಹೆಯ ಬಾಯಲ್ಲಿ ಕುಳಿತು ದಾರಿಹೋಕರಿಗೆ ನೀರು ಕೊಡುತ್ತಾನೆ, ರಾಣಿಯವರು ಹೇಗಿದ್ದಾರೆ ಎಂದು ಕೇಳಿ ಅಳುತ್ತಾನೆ ಎಂದ. ಎಲ್ಲರೂ ದೇವರು ದೊಡ್ಡವನು ಎಂದರು. ಜಕ್ಕಲೆ ಮಾತ್ರ, ಅವನು ಒಳ್ಳೆಯವನಾದದ್ದು ಯಾವಾಗಿನಿಂದ ಎಂದು ವಿಚಾರಿಸಿದಳು. ಯುವರಾಜರು ಬೇಟೆಯಿಂದ ಮರಳಿದ ದಿನದಿಂದ, ಎಂದ ಉಪ್ಪಿನವನು.

ಜಕ್ಕಲೆ ಯಾರಿಗೂ ಹೇಳದೆ ಕಾಡಿಗೆ ಹೋದಳು. ಗುಹೆಯ ಮುಂದೆ ಕಾಳಿಂಬನ ಮುಖದವನು ಕುಳಿತಿದ್ದ. ಕತ್ತೆಕಿರುಬ ಎರಡೂ ತಲೆಗಳನ್ನು ಅವನ ತೊಡೆಯ ಮೇಲಿಟ್ಟು ಮಲಗಿತ್ತು. ಅವನ ಭುಜದಲ್ಲಿ ಬಾಣದ ಗಾಯ. ಒಮ್ಮೆ ಊರಿಗೆ ಬರಲು ಹೋಗಿ ಕಾವಲಿನವರಿಂದ ತಿಂದದ್ದು ಅದು. ಜಕ್ಕಿ ಎಂದು ಅವನು ಎದ್ದು ನಿಂತ. ಅವಳು ಕತ್ತಿಯ ಹಿಡಿಯಿಂದ ಕೈ ತೆಗೆಯಲಿಲ್ಲ.

ಅವನಿಗೂ ಅದೇ ಮೂರು ಪ್ರಶ್ನೆ ಕೇಳಿದಳು. ಅವನೂ ಗಿಳಿ ಎಂದ, ಕುಂಬಳಕಾಯಿ ಎಂದ, ಬಾವಿಯ ಕಪ್ಪೆ ಎಂದ. ಮೂರೂ ಸರಿ. ಈಗ ಅವಳ ಅನುಮಾನ ಕಡಿಮೆಯಾಗುವ ಬದಲು ಎರಡರಷ್ಟಾಯಿತು. ಇಬ್ಬರೂ ಸುಳ್ಳರಾಗಿರಬಹುದು. ಇವನು ಕಾಳಿಂಬನೇ ಆಗಿದ್ದು ತನ್ನನ್ನು ಮಾತಿಗೆಳೆದು ಕುರಿ ಮಾಡಲು ಕುಳಿತಿರಬಹುದು. ಯುವರಾಜನ ಮೇಲೆ ಒಂದು ಮಾತೂ ಆಡದೆ, ತನಗಾದದ್ದನ್ನಷ್ಟೇ ಹೇಳುವಂತೆ ಕುದುರೆಯ ಕತೆಯನ್ನು ಅವನು ಹೇಳಿದ. ಅವಳು ಹೂಂ ಎನ್ನಲಿಲ್ಲ, ಉಹೂಂ ಎನ್ನಲಿಲ್ಲ. ಕೊನೆಗೆ ಒಂದು ಸುಳ್ಳು ಹೇಳಿ ನೋಡಿದಳು.

“ನಿನಗೆ ಬೇಕಾದ ಮುಖ, ಬೇಕಾದ ಜಾಗ ಕೊಡಿಸಬಲ್ಲೆ. ಆದರೆ ಊರಲ್ಲಿ ಕುರಿಗಳಾದವರು ಕುರಿಗಳಾಗಿಯೇ ಉಳಿಯುತ್ತಾರೆ.”

ಅವನು ಮತ್ತೆ ಗುಹೆಯ ಮುಂದೆ ಕುಳಿತುಕೊಂಡ. “ಹಾಗಾದರೆ ಬೇಡ, ಜಕ್ಕಿ. ನಾನು ಇಲ್ಲೇ ಇರುತ್ತೇನೆ. ಅವ್ವನಿಗೆ ಮೊಣಕಾಲು ನೋವು, ಎಣ್ಣೆ ಹಚ್ಚುವುದನ್ನು ಮರೆಯಬೇಡ.”

ಜಕ್ಕಲೆ ಕತ್ತಿಯ ಹಿಡಿಯಿಂದ ಕೈ ತೆಗೆದಳು. ಆದರೂ ನಂಬಿದೆ ಎಂದು ಹೇಳಲಿಲ್ಲ. ಗುಹೆಯ ಪಕ್ಕದಲ್ಲಿ ಕಳೆ ಕಿತ್ತು ಶುಚಿ ಮಾಡಿದ ಮಣ್ಣಿನ ದಿಬ್ಬವೊಂದಿತ್ತು. ಅದೇನೆಂದು ಕೇಳಿದಳು. ಕಾಳಿಂಬನ ತಾಯಿ ಸಿರಿಯಕ್ಕನ ಗೋರಿ ಎಂದು ದಾರಿಯಲ್ಲಿ ಹೋಗುವ ಮುದುಕಿಯೊಬ್ಬಳು ಹೇಳಿದ್ದಳಂತೆ. ಮಗ ಒಂದು ದಿನವೂ ಅದರ ಕಡೆ ತಿರುಗಿ ನೋಡಿರಲಿಲ್ಲವಂತೆ.

ಅಲ್ಲಿಂದ ಜಕ್ಕಲೆ ನೇರ ಗುಡ್ಡ ಹತ್ತಿದಳು. ಸರಿಗಲ್ಲನ್ನು ಕಾಯುವ ಕೇತವ್ವ ತುಂಬು ಮುದುಕಿ. ಯಾರ ಪರವೂ ಅಲ್ಲ, ಕೇಳಿದ್ದಕ್ಕಷ್ಟೇ ಉತ್ತರ. ಹೇಳಿದ ಮಾತನ್ನು ಕಲ್ಲಿನಿಂದ ಅಳಿಸಬಹುದೇ ಎಂದು ಜಕ್ಕಲೆ ಕೇಳಿದಳು. ಆಗುವುದಿಲ್ಲ ಎಂದಳು ಕೇತವ್ವ. ಕಲ್ಲಿಗೆ ನಿನ್ನೆ ಇಲ್ಲ, ನಾಳೆ ಇಲ್ಲ, ಅದಕ್ಕೆ ಹೇಳಿದ್ದೆಲ್ಲ ಯಾವತ್ತಿಗೂ. ಅದಕ್ಕೇ ಹಿಂದಿನವರು ಬದಲಾಗದ ವಸ್ತುಗಳನ್ನು ಮಾತ್ರ ಅದರ ಮುಂದೆ ಹೆಸರಿಸುತ್ತಿದ್ದರು. ಇವತ್ತು ಒಬ್ಬ, ನಾಳೆ ಇನ್ನೊಬ್ಬ ಕೂರುವ ಕುದುರೆಯ ಸವಾರನನ್ನು ಹೆಸರಿಸಬಾರದಿತ್ತು, ಆದರೆ ರಾಜರು ನನ್ನನ್ನು ಕೇಳಲಿಲ್ಲ, ಎಂದಳು.

“ಹೇಳಿದ ಎರಡು ಮಾತು ಒಂದಕ್ಕೊಂದು ಕೂಡದಿದ್ದರೆ, ಅಜ್ಜಿ?”

ಕೇತವ್ವ ಕಲ್ಲಿನ ಬುಡದ ಪಾಚಿಯನ್ನು ಉಗುರಿನಿಂದ ಕೆರೆದಳು. ಅಡಿಯಲ್ಲಿ ಹಳೆಯ ಅಕ್ಷರಗಳಿದ್ದವು. ಈ ಕಲ್ಲು ನೆಟ್ಟ ದಿನ ಮೊದಲ ರಾಜ ಹೇಳಿದ ಮಾತು ಅದು: ಇದ್ದವರು ಎಂದರೆ ಸತ್ತವರಲ್ಲ.

“ಕಲ್ಲಿನ ಮೇಲೆ ಇರುವುದು ಇದೊಂದೇ ‘ಅಲ್ಲ’. ಉಳಿದ ಮಾತುಗಳೆಲ್ಲ ಇದರ ಮುಂದೆ ನಿಲ್ಲಬೇಕು. ನಿಲ್ಲದಿದ್ದರೆ ಯಾವುದೋ ಒಂದು ಬೀಳುತ್ತದೆ. ಯಾವುದು ಎಂದು ನಾನು ಕಂಡಿಲ್ಲ ಮಗಳೇ. ಯಾರೂ ಕಂಡಿಲ್ಲ.”

ಜಕ್ಕಲೆ ಅಲ್ಲೇ ನಿಂತು ಯೋಚಿಸಿದಳು. ಬಮ್ಮರಸ ಮತ್ತು ಕಾಳಿಂಬ ಒಂದೇ ಆದರೆ ಒಬ್ಬನ ತಾಯಿಯೇ ಇನ್ನೊಬ್ಬನ ತಾಯಿ. ಒಬ್ಬಳು ಬದುಕಿದ್ದಾಳೆ, ಇನ್ನೊಬ್ಬಳು ಮಣ್ಣಿನಲ್ಲಿದ್ದಾಳೆ. ಇವೆರಡನ್ನು ಕಲ್ಲಿಗೆ ಹೇಳಿದರೆ ಸಾಕು. ಯಾರನ್ನೂ ದೂರಬೇಕಿಲ್ಲ, ಯಾರನ್ನೂ ನಂಬಬೇಕಿಲ್ಲ. ಗುಹೆಯವನು ಸುಳ್ಳನಾಗಿದ್ದರೆ ಕಲ್ಲು ಅಲುಗುವುದಿಲ್ಲ. ಆದರೆ ಬೀಳಬೇಕಾದ ಮಾತು ಬೀಳದೆ ಮೊದಲ ರಾಜನ ಮಾತೇ ಬಿದ್ದರೆ? ಆಗ ಅವ್ವ ನಿಂತಲ್ಲೇ ಸತ್ತವಳಾಗುತ್ತಾಳೆ.

ಅವಳು ತಾಯಿಯ ಬಳಿ ಹೋಗಿ ಮೊಣಕಾಲಿಗೆ ಎಣ್ಣೆ ಹಚ್ಚುತ್ತಾ, ಯಾರ ಮೇಲೂ ಒಂದು ಮಾತಾಡದೆ, ತಾನು ಕಲ್ಲಿಗೆ ಹೇಳಲಿರುವ ಎರಡು ನಿಜಗಳನ್ನಷ್ಟೇ ಹೇಳಿದಳು. ಮೊದಲ ರಾಜನ ಮಾತನ್ನೂ ಹೇಳಿದಳು. ರಾಣಿ ಮಾಚಲೆ ದಡ್ಡಿಯಲ್ಲ. ಅವಳ ಕೈ ಮಗಳ ತಲೆಯ ಮೇಲೆ ನಿಂತಿತು. ಮಗ ಮರಳಿ ಬಂದಾಗಿನಿಂದ ಅವಳೂ ಒಂದು ಮಾತನ್ನು ನುಂಗಿಕೊಂಡೇ ಉಣ್ಣುತ್ತಿದ್ದಾಳೆ ಎಂದು ಆ ಕೈ ಹೇಳುವಂತಿತ್ತು.

“ನಿಜ ಹೇಳುವುದಕ್ಕೆ ತಾಯಿಯ ಅಪ್ಪಣೆ ಯಾಕೆ?” ಎಂದಳು. “ನನ್ನ ಹೆಸರನ್ನು ಸ್ಪಷ್ಟವಾಗಿ ಹೇಳು.”

ಪಟ್ಟಾಭಿಷೇಕದ ಬೆಳಿಗ್ಗೆ ನಾಡಿನ ಜನವೆಲ್ಲ ಗುಡ್ಡದ ಮೇಲೆ ಸೇರಿದರು. ಒಬ್ಬರನ್ನೊಬ್ಬರು ನೋಡದೆ ನಿಂತಿದ್ದರು. ಕುರಿಗಳೂ ಬಂದಿದ್ದವು. ಕಿರೀಟಕ್ಕೆ ಮುಂಚೆ ತಾನು ಅಣ್ಣನ ವಂಶವನ್ನು ಕಲ್ಲಿಗೆ ಹೇಳುತ್ತೇನೆ ಎಂದಳು ಜಕ್ಕಲೆ. ರಾಜಕುಮಾರನ ಮುಖದವನು ಅವಳನ್ನು ಓರೆಗಣ್ಣಿನಿಂದ ನೋಡಿದ. ಏನು ಹೇಳುತ್ತೀ ಎಂದು ಕೇಳಿದ. ನಮ್ಮ ತಾಯಿಯ ಹೆಸರು ಎಂದಳು. ಇಷ್ಟು ಜನರ ಮುಂದೆ ಅದನ್ನು ಬೇಡ ಎನ್ನುವಂತಿರಲಿಲ್ಲ. ಕೇತವ್ವ ಕಲ್ಲಿಗೆ ನೀರು ಸುರಿದಳು.

“ಬಮ್ಮರಸನ ತಾಯಿ ಎಂದರೆ ಬದುಕಿರುವ ಮಾಚಲೆ,” ಎಂದಳು ಜಕ್ಕಲೆ. ಜನ ಹೌದೆಂದು ತಲೆಯಾಡಿಸಿದರು. ಉಸಿರು ತೆಗೆದುಕೊಳ್ಳದೆ ಮುಂದುವರಿಸಿದಳು: “ಕಾಳಿಂಬನ ತಾಯಿ ಎಂದರೆ ಸತ್ತು ಮಣ್ಣಾದ ಸಿರಿಯಕ್ಕ.”

ಅವನು ತಡೆಯಲು ಬಾಯಿ ತೆರೆದ. ಆದರೆ ಏನೆಂದು ತಡೆಯುವುದು? ಕಾಳಿಂಬನ ತಾಯಿ ಯಾರಾದರೆ ಯುವರಾಜನಿಗೇನು?

ಜಕ್ಕಲೆ ಹಿಂದೆ ಸರಿದು ತಾಯಿಯ ಕೈ ಹಿಡಿದುಕೊಂಡಳು. ಕಲ್ಲು ಕಾಳಿಂಬನನ್ನು ತೆಗೆದು ಬಮ್ಮರಸನನ್ನಿಟ್ಟಿತು. ಬಮ್ಮರಸನ ತಾಯಿಯನ್ನು ತೆಗೆದು ಸಿರಿಯಕ್ಕನನ್ನಿಟ್ಟಿತು. ಮಾಚಲೆಯ ಪಾದಗಳು ಮಣ್ಣಿನ ಬಣ್ಣಕ್ಕೆ ತಿರುಗಿ ತಣ್ಣಗಾದವು. ಬೆರಳು ಮರಗಟ್ಟಿದವು. ನನ್ನಿಯರಸ ಸಿಂಹಾಸನದಿಂದ ಎದ್ದು ಓಡಿಬಂದ. ರಾಣಿ ಅವನಿಗೆ ನಿಲ್ಲು ಎಂದು ಕೈ ಸನ್ನೆ ಮಾಡಿ, ಮಗಳ ಕೈಯನ್ನು ಇನ್ನೂ ಬಿಗಿಯಾಗಿ ಹಿಡಿದಳು. ತಣ್ಣಗಿನದು ಹಿಮ್ಮಡಿ ದಾಟಿ ಮೇಲೇರಿತು. ತಾನೇ ತಾಯಿಯನ್ನು ಕೊಂದೆನೇನೋ ಎಂದು ಜಕ್ಕಲೆ ಕಣ್ಣು ಮುಚ್ಚಿಕೊಂಡಳು.

ಆಗ ಕಲ್ಲಿಗೆ ತನ್ನ ಬುಡದಲ್ಲಿದ್ದ ಆ ಹಳೆಯ ‘ಅಲ್ಲ’ ಅಡ್ಡ ಬಂತು.

ಗುಡ್ಡ ಒಮ್ಮೆ ನಡುಗಿತು. ಇದ್ದವರು ಸತ್ತವರಲ್ಲ, ಹಾಗಾದರೆ ಇವಳು ಅವಳಲ್ಲ, ಹಾಗಾದರೆ ಇವನು ಅವನಲ್ಲ. ಬಂದ ದಾರಿಯಲ್ಲೇ ಕಲ್ಲು ಹಿಂದಕ್ಕೆ ಹೋಯಿತು. ಕಪ್ಪು ಕುದುರೆಯ ಸವಾರನ ಮಾತು ಸಿಪ್ಪೆಯಂತೆ ಕಲ್ಲಿನಿಂದ ಎದ್ದು ಬಿದ್ದು ಪುಡಿಯಾಯಿತು. ಜರಿಯ ಅಂಗಿಯೊಳಗೆ ಕಾಳಿಂಬನ ಮುಖ ಮೂಡಿತು. ರಾಜವಂಶದವನಲ್ಲದವನು ಹೇಳಿದ ಕುರಿಯ ಮಾತೂ ಅದರ ಹಿಂದೆಯೇ ಬಿತ್ತು. ಅಗಸ, ದಂಡನಾಯಕ, ಹೂವಾಡಗಿತ್ತಿಯರು ಎಲ್ಲರೂ ಕೈಕಾಲೂರಿ ನಿಂತಲ್ಲಿಂದ ನಾಚುತ್ತಾ ಎದ್ದರು. ಅಗಸನ ಹೆಂಡತಿ ಅವನ ಬೆನ್ನು ಸವರಿ ನೋಡಿ ಅಳತೊಡಗಿದಳು.

ಕಾಳಿಂಬನಿಗೆ ಓಡಲು ದಾರಿಯಿರಲಿಲ್ಲ. ರಾಜ ಕತ್ತಿ ಹಿರಿದ. ರಾಣಿ ತಡೆದಳು. ಇವನನ್ನು ಕಾಡಿಗೆ ಕಳಿಸಿ, ಮಂತ್ರದ ಗಂಟುಗಳನ್ನು ಸುಟ್ಟು, ಗುಹೆಯ ಪಕ್ಕದ ಆ ದಿಬ್ಬವನ್ನು ಸಾಯುವ ತನಕ ಕಾಯಲು ಬಿಡಿ ಎಂದಳು. ಗಂಟುಗಳು ಸುಟ್ಟಾಗ ಹದ್ದುಗಳಾಗಿದ್ದ ದಾರಿಹೋಕರು ಒಬ್ಬೊಬ್ಬರಾಗಿ ನೆಲಕ್ಕಿಳಿದರು.

ಬಮ್ಮರಸ ತನ್ನ ಮುಖ ಹೊತ್ತು ಸಂಜೆಯ ಹೊತ್ತಿಗೆ ಬರಿಗಾಲಲ್ಲಿ ಊರು ತಲುಪಿದ. ಹಿಂದೆ ಎರಡು ತಲೆಯ ಕತ್ತೆಕಿರುಬ. ಕಾವಲಿನವರು ಬಿಲ್ಲೆತ್ತಿದರು, ಆಮೇಲೆ ಇಳಿಸಿದರು. ರಾಣಿಯ ಪಾದಗಳು ಮಾತ್ರ ಮಣ್ಣಿನ ಬಣ್ಣದಲ್ಲೇ ಉಳಿದವು. ನಡೆಯುವುದು ನಿಧಾನವಾಯಿತು, ಆದರೆ ಮೊಣಕಾಲು ನೋವು ಹೋಯಿತು ಎಂದು ಅವಳು ನಗುತ್ತಿದ್ದಳು.

ನಾಡು ಸುಖವಾಗಿತ್ತು ಎನ್ನಬೇಕು. ಅದು ಒಂದೇ ದಿನದಲ್ಲಿ ಆಗಲಿಲ್ಲ. ಯಾರ ಮಾತಿನ ಬಲೆಯಿಂದ ಯಾರು ಕುರಿಯಾಗಿದ್ದರು ಎಂಬುದು ಎಲ್ಲರಿಗೂ ಗೊತ್ತಿತ್ತು. ಕೆದಕಿದವರು ಹೊಲಗಳನ್ನು ಬಿಟ್ಟುಕೊಟ್ಟು ಕೈಮುಗಿದರು, ಕೆಲವರು ಮೊದಲ ಮಳೆಯಲ್ಲಿ, ಕೆಲವರು ಮೂರನೆಯ ಮಳೆಯಲ್ಲಿ. ಕೊನೆಗೆ ಪಂಕ್ತಿಯಲ್ಲಿ ಮತ್ತೆ ಮಾತು ಕೇಳಿಬಂತು.

ಬಮ್ಮರಸ ಪಟ್ಟಕ್ಕೇರಿದ ದಿನ ತಂಗಿಯನ್ನು ಪಕ್ಕಕ್ಕೆ ಕರೆದು ಕೇಳಿದ, ಗುಹೆಯಲ್ಲಿ ನನ್ನನ್ನು ನಂಬಿದ್ದೆಯಾ ಎಂದು.

“ಇಲ್ಲ, ಅಣ್ಣ,” ಎಂದಳು ಜಕ್ಕಲೆ. “ನಂಬದೆಯೇ ಬಿಡಿಸಿಕೊಂಡು ಬಂದೆ.”

ಅವನು ನಕ್ಕು ಅವಳ ತಲೆಗೆ ಮೊಟಕಿದ. ಇಬ್ಬರೂ ಊಟಕ್ಕೆ ಹೋದರು. ಅಲ್ಲಿಂದ ಮುಂದೆ ಹೊಳಲನಾಡಿನಲ್ಲಿ ಎಲ್ಲರೂ ಅವರವರ ಮುಖದಲ್ಲೇ ಬಾಳಿದರು, ಅವರವರ ಹೆಸರಿನಲ್ಲೇ ಮುದುಕರಾದರು.