ಅಗುಳಿ ಎತ್ತಿದ ಕೈ

ಬಹುಕಾಲದ ಹಿಂದೆ, ಏಳು ಬೆಟ್ಟಗಳ ಆಚೆ, ಹವಳದುರ್ಗವೆಂಬ ರಾಜ್ಯವಿತ್ತು. ಅದರ ಹೆಬ್ಬಾಗಿಲು ಕಾಯುವವಳು ಚೆನ್ನಾಜಿ. ನಾಲ್ಕಾಳು ಎತ್ತುವ ಅಗುಳಿಯನ್ನು ಒಬ್ಬಳೇ ಎತ್ತುವ ಗಟ್ಟಿಗಿತ್ತಿ.

ಒಂದು ಮಧ್ಯಾಹ್ನ ಮುದುಕನೊಬ್ಬ ಹೊರಗೆ ನಿಂತು ಕೂಗಿದ. "ತಾಯೀ, ಗಂಟಲು ಒಣಗಿದೆ. ಒಳಗೆ ಬಿಡು."

ಗುರುತಿಲ್ಲದವರಿಗೆ ಬಾಗಿಲು ತೆಗೆಯಬಾರದೆಂದು ಅವಳಿಗೆ ಗೊತ್ತಿತ್ತು. ಆದರೂ ತೆಗೆದಳು. ಕೋಟೆಯ ಹೊರಗಿನ ಬಾವಿಯಿಂದ ನೀರು ಸೇದಿ ತಂದಳು. ಬಂದು ನೋಡಿದರೆ ಊರಿಗೆ ಊರೇ ಮಣ್ಣಿನ ಗೊಂಬೆ! ರಾಜನೂ ಗೊಂಬೆ, ರೊಟ್ಟಿ ಹಿಡಿದು ನಿಂತ ತಂಗಿ ದೇಮವ್ವನೂ ಗೊಂಬೆ. ಮುದುಕನಾಗಿ ಬಂದವನು ಮಾಂತ್ರಿಕ ಧೂಮಾಕ್ಷ. ಅವನೀಗ ಸಿಂಹಾಸನದ ಮೇಲಿದ್ದ.

ಆಕಾಶದಲ್ಲಿ ಮೋಡ ಕಟ್ಟುತ್ತಿತ್ತು. ಮಳೆ ಬಿದ್ದರೆ ಎಲ್ಲರೂ ಕರಗಿಹೋಗುವರು. ಚೆನ್ನಾಜಿ ಅರಮನೆಗೆ ಓಡಿದಳು.

ಮೊದಲ ಬಾಗಿಲಲ್ಲಿ ಧೂಮಾಕ್ಷ ಕಾವಲಿಟ್ಟ ಬೆಂಕಿಗಣ್ಣಿನ ಹುಲಿ. "ಪಾಪ, ನಿನ್ನ ತಪ್ಪೇನು? ಮೋಸಹೋದೆ ಅನ್ನು, ಸಾಕು."

"ಹೌದು, ಮೋಸ..." ಎನ್ನುತ್ತಲೇ ಅವಳ ಕಾಲ್ಬೆರಳು ಮಣ್ಣಾಯಿತು. ಬೆಚ್ಚಿದಳು. "ಮೋಸ ಅವನದು. ಬಾಗಿಲು ತೆಗೆದವಳು ನಾನು!" ಬೆರಳಿಗೆ ಜೀವ ಬಂತು. ಹುಲಿ ದಾರಿ ಬಿಟ್ಟಿತು.

ಎರಡನೆಯ ಬಾಗಿಲಲ್ಲಿ ಏಳು ಹೆಡೆಯ ಸರ್ಪ. "ಎಲ್ಲಾ ಹಣೆಬರಹ ಕಣೇ."

"ಹಣೆಬರಹ ಬಂದು ಅಗುಳಿ ಎತ್ತಲಿಲ್ಲ. ಎತ್ತಿದ್ದು ಈ ಕೈ." ಸರ್ಪ ಹೆಡೆ ಮಡಚಿತು.

ಮೂರನೆಯ ಬಾಗಿಲ ಒಳಗೆ ಧೂಮಾಕ್ಷ. "ನನ್ನ ಮಂತ್ರವೇ ನಿನ್ನ ಕೈ ಆಡಿಸಿತು. ಹಾಗೆಂದು ಒಪ್ಪಿಕೋ. ನಿನ್ನ ತಂಗಿ ಈಗಲೇ ಎದ್ದು ಬರುತ್ತಾಳೆ. ಊರೂ ನಿನ್ನನ್ನು ಬೈಯುವುದಿಲ್ಲ."

ಹೊರಗೆ ಗುಡುಗಿತು. ಚೆನ್ನಾಜಿಗೆ ತಂಗಿಯ ನೆನಪಾಯಿತು. ಒಂದು ಮಾತು ಅಂದುಬಿಟ್ಟರೆ ಎಷ್ಟು ಹಗುರ! ಆಮೇಲೆ ಅವಳಿಗೇ ನಗು ಬಂತು.

"ನಿನ್ನ ಮಂತ್ರಕ್ಕೆ ಅಷ್ಟು ಬಲ ಇದ್ದಿದ್ದರೆ, ಹೊರಗೆ ನಿಂತು ನನ್ನನ್ನು ಯಾಕೆ ಬೇಡಿಕೊಂಡೆ? ತೆಗೆಯುವುದು, ಬಿಡುವುದು ಎರಡೂ ನನ್ನ ಕೈಲಿತ್ತು. ನಿನ್ನನ್ನು ಹೊರಗೆ ದಬ್ಬುವುದೂ ನನ್ನ ಕೈಲೇ ಇದೆ!"

ಅವನ ಜುಟ್ಟು ಹಿಡಿದು ದರದರ ಎಳೆದು ಹೆಬ್ಬಾಗಿಲಿನಾಚೆ ಎಸೆದಳು. ನೆಲಕ್ಕೆ ಬಿದ್ದವನು ಹೊಗೆಯಾಗಿ ಹಾರಿಹೋದ. ಮೊದಲ ಹನಿ ಬೀಳುವಷ್ಟರಲ್ಲಿ ಎಲ್ಲರೂ ಕಣ್ಣು ತೆರೆದರು. ದೇಮವ್ವ "ಅಕ್ಕಾ!" ಎಂದು ಓಡಿಬಂದಳು.

"ಆ ಮಾಂತ್ರಿಕನನ್ನು ಒಳಗೆ ಬಿಟ್ಟವರಾರು?" ರಾಜ ಗುಡುಗಿದ.

"ನಾನೇ ದೊರೆ. ತಪ್ಪಾಯಿತು. ಶಿಕ್ಷೆ ಏನಿದ್ದರೂ ಕೊಡಿ."

ರಾಜ ನಡೆದದ್ದನ್ನೆಲ್ಲ ಅವಳಿಂದ ಕೇಳಿ ತಿಳಿದ. ಆಮೇಲೆ ತನ್ನ ಖಡ್ಗ ಬಿಚ್ಚಿ ಅವಳ ಕೈಗಿಟ್ಟ. "ಇಂದಿನಿಂದ ನೀನು ಈ ರಾಜ್ಯದ ದಳಪತಿ."

ಚೆನ್ನಾಜಿಯ ಕಾವಲಿನಲ್ಲಿ ಹವಳದುರ್ಗದ ಜನ ಭಯವಿಲ್ಲದೆ ಉಂಡು, ನಕ್ಕು, ನೂರು ಕಾಲ ಸುಖವಾಗಿ ಬಾಳಿದರು.