ಒರೆಸದೆ ಇಟ್ಟ ಮಲ್ಲಿಗೆ

“ಕೈ ತೆಗೀರಿ!”

ಯಾರೋ ವಿನೀತಾಳ ಮಣಿಕಟ್ಟು ಹಿಡಿದು ಹಿಂದಕ್ಕೆಳೆದರು. ತಿರುಗಿ ನೋಡಿದಳು. ಎತ್ತರದ ಯುವಕ. ಕೊರಳ ಕಾರ್ಡಿನಲ್ಲಿ ಹೆಸರು: ಜೆರೋಮ್.

“ಪೆಟ್ಟಿಗೆ ಮೇಲೆ ಕೆಂಪು ದೀಪ ಉರೀತಿದೆ, ಕಾಣಲ್ವಾ? ಕೆಲಸಕ್ಕೆ ಸೇರಿದ ದಿನಾನೇ ಕೈ ಕಳ್ಕೋತೀರಾ?”

“ಹೇಳಿದ್ರೆ ಸಾಕಿತ್ತು. ಹಿಡ್ಕೊಳ್ಳೋದೇನೂ ಬೇಕಿರ್ಲಿಲ್ಲ!”

ಅವನು ತಟ್ಟನೆ ಬಿಟ್ಟ. ಆ ಬೆಚ್ಚನೆಯ ಹಿಡಿತ ಮಾತ್ರ ಸಂಜೆಯಾದರೂ ಅವಳ ಮಣಿಕಟ್ಟಿನಿಂದ ಹೋಗಲಿಲ್ಲ...

ಮೈಸೂರಿನ ಹೊರವಲಯದ ಆ ಪ್ರಯೋಗಾಲಯದಲ್ಲಿ ತಯಾರಾಗುತ್ತಿದ್ದುದು ಕಾಲಬಿಲ್ಲೆ. ನೋಡಲು ಬೂದು ಬಣ್ಣದ ಟೈಲ್ಸಿನಂತೆ. ಅದನ್ನು ಒಳಮೈಗೆ ಜೋಡಿಸಿದ ಪೆಟ್ಟಿಗೆಯಲ್ಲಿ ಕಾಲ ನಿಧಾನವಾಗುತ್ತದೆ. ಕಸಿಗೆ ತೆಗೆದ ಹೃದಯವನ್ನು ದೂರದೂರಿಗೆ ಕೆಡದಂತೆ ಸಾಗಿಸುವುದು ಅದರ ಉದ್ದೇಶ. ನಿಯಮ ಒಂದೇ: ಬಿಲ್ಲೆಗೆ ನೀರು ತಾಗಬಾರದು. ತಾಗಿದರೆ ನಿಧಾನವಾಗಬೇಕಾದ ಕಾಲ ಹುಚ್ಚೆದ್ದು ಓಡುತ್ತದೆ.

ಅಲ್ಲಿನ ಹೆಂಗಸರು ಅದಕ್ಕೊಂದು ಬೇರೆಯದೇ ಉಪಯೋಗ ಕಂಡುಕೊಂಡಿದ್ದರು. ಬೆಳಿಗ್ಗೆ ತಂದ ಮಲ್ಲಿಗೆಯನ್ನು ಒರೆಸಿ ಮೂಲೆಯ ಪರೀಕ್ಷಾ ಪೆಟ್ಟಿಗೆಯಲ್ಲಿ ಬಚ್ಚಿಡುತ್ತಿದ್ದರು. ಸಂಜೆ ತೆಗೆದರೆ ಆಗತಾನೇ ಕಟ್ಟಿದ ಹೂ!

“ವಿಜ್ಞಾನ ಇಲ್ಲಿಗೆ ಬಂತು ನೋಡಿ, ಹೂವಿನ ಫ್ರಿಜ್ಜು!” ಎಂದು ಜೆರೋಮ್ ರೇಗಿಸುತ್ತಿದ್ದ. ಒಂದು ಸಂಜೆ ಮಾತ್ರ ವಿನೀತಾಳನ್ನು ದಿಟ್ಟಿಸಿ, “ಬೆಳಿಗ್ಗೆ ಎಂಗಿತ್ತೋ ಅಂಗೇ ಇದೆ ಕಣ್ರೀ,” ಎಂದ.

“ಹೂವಾ?”

“ಮುಖ.”

ಆ ವರ್ಷವೇ ಎರಡೂ ಮನೆಯವರು ಸೇರಿ ನಿಶ್ಚಿತಾರ್ಥಕ್ಕೆ ದಿನ ಗೊತ್ತು ಮಾಡಿದರು.

ಹಿಂದಿನ ದಿನ ವಿನೀತಾ ದೇವರಾಜ ಮಾರ್ಕೆಟ್ಟಿನಿಂದ ಮಲ್ಲಿಗೆ ತಂದು ಪೆಟ್ಟಿಗೆಯಲ್ಲಿಟ್ಟಳು. “ನಾಳೆ ಬರುವಾಗ ನೀನೇ ತಗೊಂಬಾ,” ಎಂದು ಜೆರೋಮ್‌ಗೆ ಹೇಳಿ ಮನೆಗೆ ಓಡಿದಳು.

ಅವನು ಹೂ ತರಲಿಲ್ಲ.

ಪಾದ್ರಿಗಳು ಪ್ರಾರ್ಥನೆ ಮುಗಿಸಿ ಉಂಗುರದ ತಟ್ಟೆ ಮುಂದಿಟ್ಟರು. ಜೆರೋಮ್‌ನ ಬಲಗೈ ಕೋಟಿನ ಜೇಬಿನಿಂದ ಹೊರಬರಲೇ ಇಲ್ಲ.

“ಕೈ ಕೊಡಪ್ಪ,” ಎಂದರು ಅವಳ ತಂದೆ ಪೌಲರಾಜ್.

“ನನ್ನಿಂದಾಗಲ್ಲ... ಕ್ಷಮಿಸ್ಬುಡು, ವಿನೀತಾ.”

ನೆಂಟರೆಲ್ಲರ ಎದುರು ಎದ್ದು ಹೋದ. ಕೆಲಸವನ್ನೂ ಬಿಟ್ಟ. ಫೋನ್ ಎತ್ತಲಿಲ್ಲ.

‘ಮನಸ್ಸಿಲ್ಲದಿದ್ದರೆ ಮೊದಲೇ ಹೇಳಬಾರದಿತ್ತೇ?’ ಅವಳು ಅತ್ತಳು. ಆಮೇಲೆ ದ್ವೇಷಿಸಿದಳು. ದ್ವೇಷಿಸುವುದು ಸುಲಭವಾಗಿತ್ತು.

ಕೆಲವು ತಿಂಗಳ ಮೇಲೆ, ಬೂದಿ ಬುಧವಾರದ ಪೂಜೆ ಮುಗಿಸಿ ವಿನೀತಾ ಚರ್ಚಿನ ಮೆಟ್ಟಿಲಿಳಿಯುವಾಗ ಜೆರೋಮ್‌ನ ಅಕ್ಕ ಪೌಲಿನ್ ಅಡ್ಡ ಬಂದರು. ಅವರ ಹಣೆಯ ಮೇಲೆ ಬೂದಿಯ ಶಿಲುಬೆ.

“ನನ್ ತಮ್ಮಂಗೆ ಇನ್ನೂ ಶಾಪ ಹಾಕ್ತಿದ್ದೀಯೇನಮ್ಮ?”

“ಅವರ ಸುದ್ದಿ ನಂಗ್ಯಾಕಕ್ಕ?”

“ಹೇಳ್ಬೇಡ ಅಂತ ಆಣೆ ಹಾಕಿಸ್ಕೊಂಡಿದ್ದ. ಇನ್ನು ನನ್ ಕೈಲಾಗಲ್ಲ ಕಣಮ್ಮ. ಆವತ್ತು... ನೀನು ಹೂ ಒರೆಸಿ ಇಟ್ಟಿದ್ಯಾ?”

ವಿನೀತಾಳ ಕಾಲು ಅಲ್ಲೇ ನಿಂತಿತು. ಹೂವಿನವಳು ಎಂದಿನಂತೆ ಮಾಲೆಯ ಮೇಲೆ ನೀರು ಚಿಮುಕಿಸಿ ಬಾಳೆಲೆಯಲ್ಲಿ ಸುತ್ತಿಕೊಟ್ಟಿದ್ದಳು. ಅವಸರದಲ್ಲಿ ಇವಳು ಎಲೆ ಬಿಚ್ಚಿ, ಹಾಗೆಯೇ...

“ನೀರು ತಾಗಿ ಪೆಟ್ಟಿಗೆ ಕೂಗ್ಕೊಳ್ತಂತೆ. ಪಕ್ಕದ ಕೋಣೇಲೇ ತಪಾಸಣೆಯವರು. ಅವರ ಕಣ್ಣಿಗೆ ಬಿದ್ರೆ ನಿನ್ ಕೆಲಸ ಹೋಗುತ್ತೆ ಅಂತ ಕೈ ಹಾಕ್ಬುಟ್ಟ. ಹೂ ಪುಡಿ ಆಗೋಗಿತ್ತಂತೆ. ತಪ್ಪು ನಂದೇ ಅಂತ ಬರ್ಕೊಟ್ಟು, ಯಾರಿಗೂ ಹೇಳ್ಬೇಡಿ ಅಂತ ಕೇಳ್ಕೊಂಡು ಬಂದ.”

ಅವಳು ಕುಂಬಾರಕೊಪ್ಪಲಿನ ಅವನ ಮನೆಗೆ ಹೋದಾಗ ಜೆರೋಮ್ ಕಿಟಕಿಗೆ ಬೆನ್ನು ಹಾಕಿ ಕುಳಿತಿದ್ದ. ಬಲತೋಳಿನ ಮೇಲೆ ಟವೆಲ್. ವಿನೀತಾ ಅದನ್ನು ಸೆಳೆದಳು.

ತೊಂಬತ್ತು ದಾಟಿದ ಮುದುಕನ ಕೈ ಅದು. ಜೋಲುಬಿದ್ದ ಚರ್ಮ, ಕಪ್ಪು ಕಲೆ, ನಿಲ್ಲದ ನಡುಕ. ಸುಕ್ಕು ಮೊಣಕೈ ದಾಟಿ ಭುಜದ ಹತ್ತಿರ ಬಂದಿತ್ತು. ಅದರಾಚೆ ಇಪ್ಪತ್ತೊಂಬತ್ತರ ಹುಡುಗ.

“ಮೊದಲು ಮಣಿಕಟ್ಟಿನವರೆಗಷ್ಟೇ ಇತ್ತು,” ಎಂದ.

“ಎದೆಗೆ ಬಂದ್ರೆ?”

“ಡಾಕ್ಟ್ರಿಗೂ ಗೊತ್ತಿಲ್ಲ. ಇಂಥ ರೋಗಿ ಅವರೂ ನೋಡಿಲ್ಲ. ಅದಕ್ಕೇ ಹೇಳ್ತೀನಿ, ನೀನು ಮನೆಗೆ ಹೋಗು.”

“ಯಾಕೆ ಮುಚ್ಚಿಟ್ಟೆ?”

“ನನ್ನಿಂದಾಯ್ತು ಅಂತ ನೀನು ಜೀವನ ಪೂರ್ತಿ ಕೊರಗೋದು ಬೇಡ ಅನ್ನಿಸ್ತು. ಬೈಕೊಂಡಾದ್ರೂ ನೆಮ್ಮದಿಯಾಗಿರ್ತೀಯ ಅಂತ...”

“ನೆಮ್ಮದಿನಾ?” ಅವಳ ದನಿ ಒಡೆಯಿತು. “ನಮಗಿದ್ದದ್ದೇ ಸ್ವಲ್ಪ ಕಾಲ ಜೆರೋಮ್! ಅದರಲ್ಲೂ ಇಷ್ಟನ್ನ ನಾನು ನಿನ್ನ ದ್ವೇಷಿಸೋದ್ರಲ್ಲಿ ಕಳೆದೆ. ಅದನ್ನ ಯಾವ ಪೆಟ್ಟಿಗೆ ವಾಪಸ್ ಕೊಡುತ್ತೆ?”

ಅವನು ಟವೆಲ್ಲಿಗೆ ಎಡಗೈ ಚಾಚಿದ, ಅವಳು ಕೊಡಲಿಲ್ಲ.

“ತಪ್ಪು ನಂದು. ನಾಳೆ ಆಫೀಸಿಗೆ ಹೋಗಿ ನಾನೇ ಹೇಳ್ತೀನಿ. ಕೆಲಸ ಹೋದ್ರೆ ಹೋಗ್ಲಿ. ಕೊರಗೋದೂ ನಂದೇ. ಅದನ್ನ ನೀನು ಹೊರಬೇಡ.”

ಅವಳು ಪರ್ಸ್ ತೆರೆದಳು. ಮಾರಿಬಿಡಬೇಕೆಂದು ಎಷ್ಟೋ ಸಲ ಅಂಗಡಿಯವರೆಗೆ ಒಯ್ದು ವಾಪಸು ತಂದಿದ್ದ, ಆವತ್ತು ಅವನ ಬೆರಳಿಗೆ ಹಾಕಬೇಕಿದ್ದ ಉಂಗುರ. ನಡುಗುವ ಬೆರಳಿಗೆ ಹಾಕಿದಳು. ಬೆರಳು ಬಡವಾಗಿತ್ತು, ಉಂಗುರ ಜಾರಿ ನೆಲಕ್ಕೆ ಬಿತ್ತು.

ಗೋಡೆಯ ಮೇಲಿನ ಮಾತೆ ಮರಿಯಮ್ಮನವರ ಪಟಕ್ಕೆ ಬಾಡಿದ ಮಲ್ಲಿಗೆ ಮಾಲೆ ಇತ್ತು. ವಿನೀತಾ ಅದರ ಬಾಳೆನಾರನ್ನು ಬಿಡಿಸಿ, ಉಂಗುರದ ಒಳಗಿನಿಂದ ಬಿಗಿಯಾಗಿ ಸುತ್ತಿ, ಮತ್ತೆ ತೊಡಿಸಿದಳು. ಈ ಸಲ ನಿಂತಿತು.

ಸುಕ್ಕುಗಟ್ಟಿದ ಆ ಮಣಿಕಟ್ಟನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು. ಅದು ತಣ್ಣಗಿತ್ತು.

ಜೆರೋಮ್ ಮೆಲ್ಲಗೆ ಅಂದ: “ಹೇಳಿದ್ರೆ ಸಾಕಿತ್ತು. ಹಿಡ್ಕೊಳ್ಳೋದೇನೂ ಬೇಕಿರ್ಲಿಲ್ಲ...”

“ಬೇಕಿತ್ತು ಕಣೋ,” ಎಂದಳು ವಿನೀತಾ. ಬಿಡಲಿಲ್ಲ.