ಎರಡು ಡ್ಯಾಕ್, ಮೂರು ಚೀಟಿ

ಇದು ಹಾಡಹಗಲೇ ನಮ್ಮ ನಡುಮನೆಯಲ್ಲಿ ನಡೆದದ್ದು. ಕಂಪ್ಯೂಟರಿನ ಅಂಕಿಗಳನ್ನು ಸಂಗೀತವಾಗಿಸುವ ಡ್ಯಾಕ್ ಎಂಬ ಪುಟ್ಟ ಪೆಟ್ಟಿಗೆ ನನ್ನಲ್ಲಿ ಒಂದಿತ್ತು. ಹತ್ತು ಪಟ್ಟು ಬೆಲೆಯ ಇನ್ನೊಂದನ್ನು ತಂದಿದ್ದೆ.

"ನೋಡದೇ ವ್ಯತ್ಯಾಸ ಹೇಳಿದ್ರೆ ಇಟ್ಕೊಳ್ಳಿ. ಇಲ್ದಿದ್ರೆ ಸಂಜೆಯೊಳಗೆ ಅಂಗಡಿಗೆ ವಾಪಸ್" ಎಂದಳು ಹೆಂಡತಿ.

ಪರದೆಯ ಹಿಂದೆ ನಿಂತು ಅವಳು ಒಂದೇ ಹಾಡನ್ನು ಹತ್ತು ಸಲ ಹಾಕಿದಳು, ಮನಸ್ಸಿಗೆ ಬಂದಂತೆ ಪೆಟ್ಟಿಗೆ ಬದಲಿಸುತ್ತ. ಸೋಫಾದ ಎರಡು ತುದಿಯಲ್ಲಿ ಕೂತ ನಾನೂ ಭಾವಮೈದುನನೂ ಪ್ರತಿ ಸಲ ನಮ್ಮ ನಮ್ಮ ಚೀಟಿಯಲ್ಲಿ 'ಹಳೆಯದು' ಇಲ್ಲವೇ 'ಹೊಸದು' ಎಂದು ಗೀಚಿದೆವು. ನಮ್ಮಿಬ್ಬರ ಪೆನ್ಸಿಲ್ ನಿಂತ ಮೇಲೂ ಗೀಚುವ ಸದ್ದು ಒಂದು ಕ್ಷಣ ಉಳಿಯುತ್ತಿತ್ತು. ಫ್ಯಾನ್ ಆರಿಸಿದ್ದರೂ ನಡುವಿನ ಖಾಲಿ ಜಾಗದ ಕಡೆಗಿದ್ದ ನನ್ನ ಎಡಗೈ, ಅವನ ಬಲಗೈ ಮಾತ್ರ ತಣ್ಣಗಾಗಿದ್ದವು.

"ಭಾವ, ನನ್ನದನ್ನ ನೋಡಿ ಬರೀತಿದ್ದೀರಾ?"

"ನಿನ್ನದನ್ನ ನೋಡಿ ಬರೆದ್ರೆ ಬರೋ ಮಾರ್ಕೂ ಹೋಗುತ್ತೆ ಕಣೋ."

ಎಣಿಸಿದರೆ ನನ್ನದು ನಾಲ್ಕು ಸರಿ, ಅವನದು ಐದು. ಆದರೆ ಸೋಫಾದ ಮೇಲೆ ಚೀಟಿ ಮೂರಿದ್ದವು. ಮೂರನೆಯದರಲ್ಲಿ ದುಂಡಗಿನ ಅಕ್ಷರ, ಹತ್ತಕ್ಕೆ ಹತ್ತೂ ಸರಿ.

ಹೆಂಡತಿ ಅದನ್ನೇ ಬಹಳ ಹೊತ್ತು ನೋಡಿದಳು. "ಈ ಮನೇಲಿ ಕಿವಿ ಇರೋರು ಒಬ್ಬರಾದ್ರೂ ಇದ್ದಾರಲ್ಲ. ಇಟ್ಕೊಳ್ಳಿ."

ಚೀಟಿಯ ಹಿಂಬದಿಯನ್ನು ನೋಡಿದ್ದು ಆಮೇಲೆ. ಅದೇ ದುಂಡಗಿನ ಅಕ್ಷರದಲ್ಲಿ ಒಂದು ಸಾಲಿತ್ತು: 'ಮುಂದಿನ ಸಲ ಸ್ವಲ್ಪ ಜೋರಾಗಿ ಹಾಕಿ.'